ಬೊಗ್ಗನ ಕೊರಳಿನ ಟ್ಯಾಗ್: ಫೋನಿಗೆ ಜೋಡಿಸಿದರೆ ಸಾಕೇ?

ಜಾತ್ರೆಯ ಬೆಡಿಯ ರಾತ್ರಿ ನಮ್ಮ ಮನೆಯ ನಾಯಿ ಬೊಗ್ಗ ಓಡಿಹೋದ. ಮೊದಲ ಗರ್ನಾಲು ಸಿಡಿದದ್ದೇ ತಡ, ದಣಪೆ ಹಾರಿ ಕತ್ತಲಿಗೆ ನುಗ್ಗಿದ. ನನಗೆ ಹೆಚ್ಚೇನೂ ಗಾಬರಿಯಾಗಲಿಲ್ಲ. ಹದಿನೈದು ದಿನದ ಹಿಂದೆಯಷ್ಟೇ ಅವನ ಕೊರಳಿಗೆ ಒಂದು ಟ್ಯಾಗ್ ಕಟ್ಟಿ, ಅದನ್ನು ನನ್ನ ಫೋನಿಗೆ ಜೋಡಿಸಿಯಾಗಿತ್ತು. ಅಂಗಳದ ಆ ತುದಿಯಲ್ಲಿ ಅವನನ್ನು ನಿಲ್ಲಿಸಿ, ಫೋನಿನಿಂದ ಟ್ಯಾಗನ್ನು ಕುಂಯ್ ಅನ್ನಿಸಿ, ಮನೆಯವರಿಗೆಲ್ಲ ತೋರಿಸಿದ್ದೂ ಆಗಿತ್ತು.

ಫೋನ್ ತೆರೆದೆ. ಬೊಗ್ಗನ ಗುರುತು ಪೇಟೆಯ ಜಂಕ್ಷನ್ನಿನಲ್ಲಿ ಇತ್ತು. ಸಮಯ ರಾತ್ರಿ 10.20. ಬೈಕ್ ಹತ್ತಿ ಹೋದೆ. ಜಾತ್ರೆಯಿಂದ ಮರಳುವವರ ದಂಡು ಇತ್ತು, ನಾಯಿ ಇರಲಿಲ್ಲ. ಅಂಗಡಿಗಳ ಹಿಂದೆ, ಬಸ್ ನಿಲ್ದಾಣದ ಬೆಂಚಿನ ಅಡಿಯಲ್ಲಿ ಟಾರ್ಚು ಹಾಕಿ ನೋಡಿದೆ. ಮಾರನೆಯ ದಿನವೂ ಗುರುತು ಅಲ್ಲೇ, ಸಮಯ ಅದೇ 10.20. ಶಾಲೆ ಬಿಟ್ಟ ಮೇಲೆ ಪುನಃ ಅಲ್ಲೇ ಹುಡುಕಿದೆ. "ಎಂತ ಮಾರಾಯ್ರೆ, ಅಷ್ಟು ದುಡ್ಡು ಕೊಟ್ಟು ತಂದದ್ದು ಇದಕ್ಕಾ?" ಅಂತ ಮನೆಯಾಕೆ ಕೇಳಿದಾಗ ನನ್ನ ಹತ್ತಿರ ಉತ್ತರ ಇರಲಿಲ್ಲ.

ಮೂರನೆಯ ದಿನ ಬೆಳಿಗ್ಗೆ ಒಂದು ಫೋನ್ ಬಂತು. ನಮ್ಮ ಶಾಲೆಯ ಏಳನೆಯ ಕ್ಲಾಸಿನ ಹುಡುಗಿಯ ಸ್ವರ. "ಒಂದು ನಾಯಿ ನಮ್ಮ ರಬ್ಬರ್ ಶೆಡ್ಡಿನ ಹಿಂದೆ ಮಲಗಿ ಉಂಟು. ಬೆಲ್ಟಿನಲ್ಲಿ ನಂಬ್ರ ಬರೆದಿತ್ತು, ಅದಕ್ಕೆ ಮಾಡಿದ್ದು... ಹಾಂ! ಮಾಷ್ಟ್ರಾ? ನೀವು ಅಂತ ಗೊತ್ತಿರ್ಲಿಲ್ಲ." ಆ ನಂಬ್ರ ನನ್ನ ಮಗಳು ಯಾವತ್ತೋ ಮಾರ್ಕರ್ ಪೆನ್ನಿನಲ್ಲಿ ಗೀಚಿದ್ದು. ಆ ಮನೆ ಜಂಕ್ಷನ್ನಿನಿಂದ ಮೂರು ಕಿಲೋಮೀಟರು ಒಳಗೆ, ಗುಡ್ಡೆಯ ಆಚೆ ಬದಿಯಲ್ಲಿ. ಬೊಗ್ಗನ ಕಾಲಿಗೆ ಗಾಯವಾಗಿತ್ತು. ಎರಡು ರಾತ್ರಿ ನೀರು ಬಿಟ್ಟರೆ ಬೇರೇನೂ ಹೊಟ್ಟೆಗೆ ಬಿದ್ದ ಹಾಗೆ ಕಾಣಲಿಲ್ಲ. ಆ ಎರಡು ದಿನವೂ ಅವನಿಂದ ಹತ್ತು ಹೆಜ್ಜೆ ದೂರದ ಮನೆಯೊಳಗೆ ಎರಡು ಸ್ಮಾರ್ಟ್‌ಫೋನುಗಳು ಇದ್ದವು!

ಹಾಗಾದರೆ ಟ್ಯಾಗ್ ಸುಮ್ಮನಿದ್ದದ್ದು ಯಾಕೆ? ಉತ್ತರ ಹುಡುಕಿದಾಗ ತಪ್ಪು ಟ್ಯಾಗಿನದ್ದಲ್ಲ, ಅದನ್ನು ಅರ್ಥ ಮಾಡಿಕೊಳ್ಳದೆ ಕಟ್ಟಿದ ವಿಜ್ಞಾನ ಅಧ್ಯಾಪಕನದ್ದು ಎಂದು ತಿಳಿಯಿತು. ನಿಮ್ಮಲ್ಲಿ ಕೆಲವರ ಮನೆಯಲ್ಲೂ ಇಂಥ ಟ್ಯಾಗ್ ಇರಬಹುದು; ಮಕ್ಕಳಂತೂ ಇದರ ಬಗ್ಗೆ ಕೇಳಿಯೇ ಕೇಳುತ್ತಾರೆ. ಆದ್ದರಿಂದ ಈ ಬರಹ.

ಟ್ಯಾಗಿಗೆ ತನ್ನ ಜಾಗ ಗೊತ್ತಿಲ್ಲ

ಪೇಟೆಯಲ್ಲಿ ಸಿಗುವ ನಾಣ್ಯದಂಥ ಚಿಕ್ಕ ಟ್ಯಾಗುಗಳಲ್ಲಿ ಹೆಚ್ಚಿನವು ಬ್ಲೂಟೂತ್ ಟ್ಯಾಗುಗಳು. ಇವುಗಳ ಒಳಗೆ ಜಿ.ಪಿ.ಎಸ್. ಇಲ್ಲ, ಸಿಮ್ ಕಾರ್ಡೂ ಇಲ್ಲ. ಟ್ಯಾಗ್ ಮಾಡುವುದು ಒಂದೇ ಕೆಲಸ: ಸುಮಾರು 2.4 ಗಿಗಾಹರ್ಟ್ಸ್ ಆವೃತ್ತಿಯ ರೇಡಿಯೋ ಅಲೆಯಲ್ಲಿ "ನಾನು ಇಂಥವನು, ನಾನು ಇಂಥವನು" ಎಂದು ಮೆಲ್ಲಗೆ ಕೂಗುತ್ತಾ ಇರುವುದು. ಎಲ್ಲಿದ್ದೇನೆ ಎಂಬುದು ಅದಕ್ಕೇ ಗೊತ್ತಿಲ್ಲ.

ಆ ಕೂಗು ಯಾವುದಾದರೂ ಫೋನಿಗೆ ಕೇಳಿಸಿದರೆ, ಆ ಫೋನ್ ತಾನಿರುವ ಜಾಗವನ್ನು ಗುಟ್ಟಿನ ಲಿಪಿಯಲ್ಲಿ ಬರೆದು ಇಂಟರ್‌ನೆಟ್ ಮೂಲಕ ಕಳಿಸುತ್ತದೆ. ಅದನ್ನು ಬಿಡಿಸಿ ಓದುವ ಕೀಲಿ ಟ್ಯಾಗಿನ ಯಜಮಾನನ ಬಳಿ ಮಾತ್ರ. ಅಂದರೆ ನಕ್ಷೆಯಲ್ಲಿ ನನಗೆ ಕಂಡದ್ದು ಬೊಗ್ಗನ ಜಾಗವಲ್ಲ. ಬೊಗ್ಗ ಹಾದುಹೋಗುವಾಗ ಅಲ್ಲಿದ್ದ ಯಾರದೋ ಫೋನಿನ ಜಾಗ. ಅವನು ಜಂಕ್ಷನ್ ದಾಟಿ ಗುಡ್ಡೆ ಹತ್ತಿದ ಮೇಲೆ ಕೇಳುವವರಿಲ್ಲ, ಸುದ್ದಿಯೂ ಇಲ್ಲ. ಗುರುತು ಮಾತ್ರ ಹಳೆಯ ಜಾಗದಲ್ಲೇ ಉಳಿಯಿತು. ನಾನು ಗುರುತನ್ನು ನೋಡಿದೆ, ಅದರ ಅಡಿಯಲ್ಲಿದ್ದ ಸಮಯದ ಅರ್ಥವನ್ನು ಯೋಚಿಸಲಿಲ್ಲ. 10.20 ಅಂದರೆ "ಇಲ್ಲಿದ್ದಾನೆ" ಅಂತಲ್ಲ, "ಆಗ ಇಲ್ಲಿದ್ದ" ಅಂತ.

ಬ್ಲೂಟೂತಿನ ಕೂಗು ದೂರ ಹೋಗುವುದೂ ಇಲ್ಲ. ಮನೆಯೊಳಗೆ ಹತ್ತು ಮೀಟರು ಅಂತ ಇಟ್ಟುಕೊಳ್ಳಿ, ಬಯಲಿನಲ್ಲಿ ಇನ್ನಷ್ಟು. ದೂರ ಎರಡು ಪಟ್ಟಾದರೆ ಸಿಗ್ನಲಿನ ತೀವ್ರತೆ ನಾಲ್ಕನೇ ಒಂದು ಪಾಲಾಗುತ್ತದೆ. ಮೇಲಾಗಿ ಈ ಆವೃತ್ತಿಯ ಅಲೆಗಳನ್ನು ನೀರು ಚೆನ್ನಾಗಿ ಹೀರಿಕೊಳ್ಳುತ್ತದೆ. ನಾಯಿಯ ದೇಹದಲ್ಲಿ ಹೆಚ್ಚಿನ ಪಾಲು ನೀರೇ. ಅದು ಕೊರಳ ಮೇಲೆ ಮಲಗಿದರೆ ಟ್ಯಾಗಿನ ಬಾಯಿ ಮುಚ್ಚಿದ ಹಾಗೆ.

ಹತ್ತು ಹೆಜ್ಜೆಯ ಫೋನಿಗೆ ಯಾಕೆ ಕೇಳಲಿಲ್ಲ?

ಆ ಮನೆಯವರ ಒಪ್ಪಿಗೆ ಪಡೆದು ಎರಡೂ ಫೋನುಗಳನ್ನು ನೋಡಿದೆ. ಒಂದರಲ್ಲಿ "ಚಾರ್ಜ್ ಉಳೀಲಿ" ಅಂತ ಬ್ಲೂಟೂತ್ ಮತ್ತು ಲೊಕೇಶನ್ ಎರಡನ್ನೂ ಆಫ್ ಮಾಡಿದ್ದರು. ಕಿವಿ ಮುಚ್ಚಿದ ಫೋನ್ ಅದು. ಇನ್ನೊಂದರಲ್ಲಿ ಎರಡೂ ಆನ್ ಇದ್ದವು. ಆದರೂ ಸುದ್ದಿ ಬರಲಿಲ್ಲ.

ಇಲ್ಲಿ ತಿಳಿಯಬೇಕಾದ ಒಂದು ವಿಷಯ ಉಂಟು. ಆಂಡ್ರಾಯ್ಡ್ ಫೋನುಗಳ ಈ ಹುಡುಕುವ ಜಾಲ ಶುರುವಾದದ್ದು 2024ರಲ್ಲಿ. ಈಗ ಅದರ ಹೆಸರು ಫೈಂಡ್ ಹಬ್. ಅದರ ಸೆಟ್ಟಿಂಗ್ಸ್‌ನಲ್ಲಿ ಆಯ್ಕೆಗಳಿವೆ: ಜಾಲ ಬೇಡ, ಜನ ಹೆಚ್ಚಿರುವ ಜಾಗದಲ್ಲಿ ಮಾತ್ರ, ಎಲ್ಲ ಕಡೆಯೂ. ನಾವು ಏನನ್ನೂ ಮುಟ್ಟದಿದ್ದರೆ ಇರುವುದು ಎರಡನೆಯದು. ಅಂದರೆ ಒಂದೇ ಒಂದು ಫೋನಿಗೆ ಟ್ಯಾಗ್ ಕೇಳಿಸಿದರೆ ಸಾಲದು, ಹಲವು ಫೋನುಗಳಿಗೆ ಕೇಳಿಸಿದಾಗಲೇ ಜಾಗ ತೋರಿಸುತ್ತದೆ. ಇದು ಖಾಸಗಿತನ ಕಾಪಾಡಲು ಮಾಡಿದ ಏರ್ಪಾಡು. ಒಂಟಿ ಮನೆಯಲ್ಲಿರುವ ಒಬ್ಬರ ಫೋನಿನ ಜಾಗ ಬೇರೆಯವರಿಗೆ ತಿಳಿಯಬಾರದಲ್ಲ.

ನಗರಕ್ಕೆ ಇದು ಸರಿ. ಗುಡ್ಡೆಗೊಂದು ಮನೆ, ತೋಟಕ್ಕೊಂದು ಮನೆ ಇರುವ ನಮ್ಮ ಕಡೆ ಟ್ಯಾಗ್ ಪೇಟೆಯಲ್ಲಿ ಮಾತ್ರ ಮಾತನಾಡಿ, ಒಳಗೆ ಹೋದ ಕೂಡಲೇ ಮೂಕವಾಗಬಹುದು. "ಎಲ್ಲ ಕಡೆಯೂ" ಎಂದು ಬದಲಿಸಬೇಕಾದದ್ದು ನನ್ನ ಫೋನಿನಲ್ಲಿ ಮಾತ್ರ ಅಲ್ಲ, ನೆರೆಕರೆಯವರ ಫೋನಿನಲ್ಲೂ. ಬದಲಿಸುವುದೂ ಬಿಡುವುದೂ ಅವರವರ ಇಷ್ಟ. ಮುಂದಿನ ಪಿ.ಟಿ.ಎ. ಸಭೆಯಲ್ಲಿ ಲಾಭ, ಅಪಾಯ ಎರಡನ್ನೂ ಹೇಳಿ ತೋರಿಸಿದೆ. ಕೆಲವರು ಬದಲಿಸಿದರು, ಕೆಲವರು "ಬೇಡ ಮಾಷ್ಟ್ರೇ" ಅಂದರು. ಎರಡೂ ಸರಿಯೇ.

ಜಿ.ಪಿ.ಎಸ್. ಇರುವ ಬೆಲ್ಟು

ಇನ್ನೊಂದು ಬಗೆಯ ಸಾಧನ ತುಸು ದೊಡ್ಡದು, ಬೆಲೆಯೂ ಹೆಚ್ಚು. ಅದಕ್ಕೆ ತನ್ನ ಜಾಗ ತಾನೇ ಗೊತ್ತು. ಜಿ.ಪಿ.ಎಸ್. ಉಪಗ್ರಹಗಳು ಸುಮಾರು 20,200 ಕಿ.ಮೀ. ಎತ್ತರದಲ್ಲಿ ಸುತ್ತುತ್ತಾ, ತಾವು ಎಲ್ಲಿದ್ದೇವೆ, ಈಗ ಗಂಟೆ ಎಷ್ಟು ಎಂದು ಸಾರುತ್ತಿರುತ್ತವೆ. ನೇರ ಮೇಲಿರುವ ಉಪಗ್ರಹದ ಸಿಗ್ನಲ್ ನಮ್ಮನ್ನು ಮುಟ್ಟಲು ಸುಮಾರು 0.067 ಸೆಕೆಂಡು ಬೇಕು. ಆ ಸಮಯವನ್ನು ಬೆಳಕಿನ ವೇಗದಿಂದ ಗುಣಿಸಿದರೆ ದೂರ ಸಿಗುತ್ತದೆ. ಸಮಯದಲ್ಲಿ ಸೆಕೆಂಡಿನ ಹತ್ತು ಲಕ್ಷದಲ್ಲಿ ಒಂದು ಪಾಲು ತಪ್ಪಿದರೂ ದೂರ 300 ಮೀಟರು ತಪ್ಪುತ್ತದೆ. ಬೆಲ್ಟಿನ ಗಡಿಯಾರ ಅಷ್ಟು ನಿಖರವಲ್ಲದ ಕಾರಣ ಮೂರು ಉಪಗ್ರಹ ಸಾಲದು, ನಾಲ್ಕು ಬೇಕು. ನಾಲ್ಕನೆಯದು ಗಡಿಯಾರದ ತಪ್ಪನ್ನು ಸರಿಪಡಿಸಲು.

ಆದರೆ ಜಿ.ಪಿ.ಎಸ್. ಬರೇ ಕಿವಿ, ಅದಕ್ಕೆ ಬಾಯಿ ಇಲ್ಲ. ಉಪಗ್ರಹಕ್ಕೆ ನಮ್ಮ ನಾಯಿಯ ವಿಷಯ ಏನೂ ಗೊತ್ತಿಲ್ಲ. ತಿಳಿದ ಜಾಗವನ್ನು ನಮ್ಮ ಫೋನಿಗೆ ಮುಟ್ಟಿಸಲು ಬೆಲ್ಟಿನಲ್ಲಿ ಸಿಮ್ ಬೇಕು, ಆ ಸಿಮ್ಮಿಗೆ ರೇಂಜ್ ಬೇಕು. ಕೊಳ್ಳುವ ಮೊದಲು ಅದು 2ಜಿಯಲ್ಲಿ ಕೆಲಸ ಮಾಡುತ್ತದೋ 4ಜಿಯಲ್ಲೋ ಎಂದು ಕೇಳಿ. ಅಗ್ಗದ ಕೆಲವು ಸಾಧನಗಳಿಗೆ 2ಜಿ ಮಾತ್ರ ಗೊತ್ತು. ಜಿಯೋ ಕಂಪೆನಿಗೆ 2ಜಿ ಜಾಲವೇ ಇಲ್ಲದ ಕಾರಣ ಅವುಗಳಲ್ಲಿ ಅದರ ಸಿಮ್ ನಡೆಯದು. ನಾಯಿ ಹೆಚ್ಚಾಗಿ ಹೋಗುವ ಜಾಗಕ್ಕೆ ನೀವೇ ಹೋಗಿ ಯಾವ ಕಂಪೆನಿಯ ರೇಂಜ್ ಸಿಗುತ್ತದೆ ಎಂದು ನೋಡಿ ಸಿಮ್ ಆರಿಸಿ. ಹಾಗಿದ್ದರೂ ನಮ್ಮ ನೀರಿನ ಸುರಂಗದೊಳಗೆ ನಾಯಿ ಹೊಕ್ಕರೆ ಉಪಗ್ರಹವೂ ಇಲ್ಲ, ಟವರೂ ಇಲ್ಲ.

ಬ್ಯಾಟರಿಯ ಲೆಕ್ಕವೂ ಬೇರೆ. ಬ್ಲೂಟೂತ್ ಟ್ಯಾಗಿನ ಸಿಆರ್2032 ನಾಣ್ಯ ಸೆಲ್ಲಿನಲ್ಲಿ ಸುಮಾರು 220 ಮಿಲಿ ಆಂಪಿಯರ್ ಗಂಟೆ ಇರುತ್ತದೆ. ವರ್ಷಕ್ಕೆ 8,760 ಗಂಟೆ. ಭಾಗಿಸಿ ನೋಡಿ: ಒಂದು ವರ್ಷ ಬಾಳಬೇಕಾದರೆ ಸರಾಸರಿ 0.025 ಮಿಲಿ ಆಂಪಿಯರಿನಲ್ಲಿ ಬದುಕಬೇಕು. ಜಿ.ಪಿ.ಎಸ್. ಮತ್ತು ಸಿಮ್ ಎರಡೂ ಎಚ್ಚರವಿರುವಾಗ ಹತ್ತಾರು ಮಿಲಿ ಆಂಪಿಯರ್ ಬೇಕು. ಹಾಗಾಗಿ ಅದನ್ನು ಕೆಲವು ದಿನಕ್ಕೊಮ್ಮೆ ಚಾರ್ಜ್ ಮಾಡಲೇಬೇಕು.

ಜೋಡಿಸುವ ಕ್ರಮ

1. ಮೊದಲು ಟ್ಯಾಗ್ ಯಾವ ಜಾಲಕ್ಕೆ ಸೇರಿದ್ದು ನೋಡಿ. ಐಫೋನಿಗಾಗಿ ಮಾಡಿದ ಟ್ಯಾಗನ್ನು ಆಂಡ್ರಾಯ್ಡ್ ಫೋನಿಗೆ ಜೋಡಿಸಲಾಗದು.

2. ಫೋನಿನಲ್ಲಿ ಬ್ಲೂಟೂತ್, ಲೊಕೇಶನ್, ಇಂಟರ್‌ನೆಟ್ ಮೂರನ್ನೂ ಆನ್ ಮಾಡಿ. ಸೆಲ್ಲಿನ ಮೇಲಿನ ಪ್ಲಾಸ್ಟಿಕ್ ಹಾಳೆ ಎಳೆದು, ಟ್ಯಾಗನ್ನು ಫೋನಿನ ಹತ್ತಿರ ತನ್ನಿ. ಪರದೆಯ ಮೇಲೆ ಬರುವ ಸೂಚನೆಗೆ ಒಪ್ಪಿಗೆ ಕೊಡಿ.

3. "ಬ್ಲೂಟೂತಿಗೆ ಲೊಕೇಶನ್ ಅನುಮತಿ ಯಾಕೆ?" ಅಂತ ಅನುಮಾನ ಬರಬಹುದು. ಹತ್ತಿರ ಯಾವ ಬ್ಲೂಟೂತ್ ಸಾಧನಗಳಿವೆ ಎಂದು ತಿಳಿದರೆ ನೀವು ಎಲ್ಲಿದ್ದೀರಿ ಎಂದು ಊಹಿಸಬಹುದು. ಅದಕ್ಕಾಗಿ ಆಂಡ್ರಾಯ್ಡ್ 6ರಿಂದ 11ರವರೆಗೆ ಈ ಅನುಮತಿ ಕಡ್ಡಾಯವಾಗಿತ್ತು. 12ರಿಂದ "ಹತ್ತಿರದ ಸಾಧನಗಳು" ಎಂಬ ಬೇರೆಯೇ ಅನುಮತಿ ಬಂದಿದೆ. ಜೋಡಣೆ ಆಗದಿದ್ದರೆ ಮೊದಲು ನೋಡಬೇಕಾದದ್ದು ಇದನ್ನು.

4. ಒಂದು ಟ್ಯಾಗ್ ಒಂದೇ ಖಾತೆಗೆ ಸೇರುತ್ತದೆ. ಬೇರೆಯವರು ಬಳಸಿದ್ದನ್ನು ತಂದರೆ ಅವರು ತಮ್ಮ ಖಾತೆಯಿಂದ ಅದನ್ನು ತೆಗೆದಿರಬೇಕು.

5. ಜಿ.ಪಿ.ಎಸ್. ಬೆಲ್ಟಾದರೆ ಸಿಮ್ಮಿನ ಪಿನ್ ಲಾಕ್ ತೆಗೆದು ಹಾಕಿ. ಮೊದಲ ಸಲ ಅಂಗಳದಲ್ಲಿ, ತೆರೆದ ಆಕಾಶದ ಕೆಳಗೆ ಕೆಲವು ನಿಮಿಷ ಇಡಿ. ಮನೆಯೊಳಗೆ ಕುಳಿತು "ಇದು ಹಾಳು" ಅನ್ನಬೇಡಿ.

6. ಕೊನೆಗೆ ಪರೀಕ್ಷೆ. ನಾನು ಅಂಗಳದಲ್ಲಿ ಮಾಡಿ ನಿಲ್ಲಿಸಿದೆ. ನೀವು ಟ್ಯಾಗನ್ನು ಮನೆಯವರ ಕೈಯಲ್ಲಿ ಕೊಟ್ಟು, ಅವರ ಫೋನನ್ನು ಮನೆಯಲ್ಲೇ ಇರಿಸಿ, ತೋಟದ ಆಚೆಗೆ ಕಳಿಸಿ ನೋಡಿ. ಗೊತ್ತಾಗುವುದು ಅಲ್ಲೇ.

ಎರಡು ಎಚ್ಚರಿಕೆ. ನಾಣ್ಯ ಸೆಲ್ಲನ್ನು ಚಿಕ್ಕ ಮಕ್ಕಳು ನುಂಗಿದರೆ ಎರಡೇ ಗಂಟೆಯಲ್ಲಿ ಅನ್ನನಾಳ ಸುಡಬಹುದು; ತಡಮಾಡದೆ ಆಸ್ಪತ್ರೆಗೆ ಒಯ್ಯಬೇಕು. ಇನ್ನೊಂದು, ಟ್ಯಾಗನ್ನು ಮನುಷ್ಯರ ಚೀಲದಲ್ಲಿ ಗುಟ್ಟಾಗಿ ಇಟ್ಟು ಹಿಂಬಾಲಿಸುವ ದುರುಪಯೋಗವೂ ನಡೆದಿದೆ. 2024ರ ಮೇ ತಿಂಗಳಿಂದ ಐಫೋನ್, ಆಂಡ್ರಾಯ್ಡ್ ಎರಡರಲ್ಲೂ "ಗೊತ್ತಿಲ್ಲದ ಟ್ಯಾಗ್ ನಿಮ್ಮ ಜತೆ ಚಲಿಸುತ್ತಿದೆ" ಎಂಬ ಎಚ್ಚರಿಕೆ ಬರುವ ವ್ಯವಸ್ಥೆ ಇದೆ. ಅಂಥ ಸಂದೇಶ ಬಂದರೆ ಕಡೆಗಣಿಸಬಾರದು ಎಂದು ಹೈಸ್ಕೂಲಿನ ಮಕ್ಕಳಿಗೆ ಹೇಳಿಕೊಡಿ.

ತರಗತಿಯಲ್ಲಿ

ಬೊಗ್ಗನ ಕಥೆ ಹೇಳಿದ ಮೇಲೆ ಮಕ್ಕಳೇ ಪ್ರಯೋಗಕ್ಕೆ ಇಳಿದರು. ಟ್ಯಾಗನ್ನು ಮೈದಾನದ ನಡುವೆ ಇಟ್ಟು, ಫೋನ್ ಹಿಡಿದು ಹೆಜ್ಜೆ ಎಣಿಸುತ್ತಾ ಹಿಂದೆ ಹೋಗುವುದು; ಸಂಪರ್ಕ ತಪ್ಪಿದ ಕಡೆ ಗೆರೆ. ಆಮೇಲೆ ಟ್ಯಾಗನ್ನು ಒದ್ದೆ ಬಟ್ಟೆಯಲ್ಲಿ ಸುತ್ತಿ, ನೀರಿನ ಬಾಟಲಿಗಳ ನಡುವೆ ಇಟ್ಟು, ಕೊನೆಗೆ ಸ್ಟೀಲಿನ ಬುತ್ತಿಯಲ್ಲಿ ಮುಚ್ಚಿಟ್ಟು ಅದನ್ನೇ ಮಾಡುವುದು. ಬುತ್ತಿಯ ಸರದಿ ಬಂದಾಗ ಗೆರೆ ಎಷ್ಟು ಹತ್ತಿರ ಬಂತೆಂದರೆ ಮಕ್ಕಳು ನಗಲು ಶುರು ಮಾಡಿದರು. ನಾಲ್ಕು ಸಾಲಿನ ಒಂದು ಪಟ್ಟಿ, ಒಂದು ಸ್ತಂಭ ನಕ್ಷೆ: ಒಂದು ಪಿರಿಯಡ್ ಸಾಕು.

ಲಿಟಲ್ ಕೈಟ್ಸ್ ಮಕ್ಕಳು ಫೋನಿನಲ್ಲಿ ಅಕ್ಷಾಂಶ ನೋಡಿದರು. ಒಂದು ಡಿಗ್ರಿ ಅಕ್ಷಾಂಶ ಎಂದರೆ ಸುಮಾರು 111 ಕಿ.ಮೀ. ಹಾಗಾದರೆ ದಶಮಾಂಶದ ಮೂರನೆಯ ಸ್ಥಾನ 111 ಮೀಟರು, ಐದನೆಯದು ಒಂದು ಮೀಟರಿನಷ್ಟು. ದಶಮಾಂಶ ಅಂದರೆ ಬೇಸರ ಪಡುವವರೂ ಧ್ವಜಸ್ತಂಭದಿಂದ ಗೇಟಿನ ತನಕ ಓಡಿ ಅಂಕೆ ಬದಲಾಗುವುದನ್ನು ನೋಡಿದರು.

"ಮಾಷ್ಟ್ರೇ, ನಮ್ಮ ಗಿಡ್ಡ ದನದ ಕಿವಿಯಲ್ಲಿ ಹಳದಿ ಬಿಲ್ಲೆ ಉಂಟಲ್ಲ, ಅದನ್ನೂ ಫೋನಿನಲ್ಲಿ ನೋಡ್ಲಿಕ್ಕೆ ಆಗ್ತದಾ?" ಎಂದು ಒಬ್ಬ ಕೇಳಿದ. ಒಳ್ಳೆಯ ಪ್ರಶ್ನೆ. ಅದರಲ್ಲಿರುವುದು 12 ಅಂಕೆಯ ಗುರುತು ಸಂಖ್ಯೆ ಮಾತ್ರ. ನಾಯಿಗಳ ಚರ್ಮದಡಿ ಹಾಕುವ ಮೈಕ್ರೋಚಿಪ್ಪೂ ಹಾಗೆಯೇ. ಓದುವ ಯಂತ್ರವನ್ನು ಹತ್ತಿರ ಹಿಡಿದರೆ ಸಂಖ್ಯೆ ಹೇಳುತ್ತದೆ, ದೂರದಿಂದ ಹುಡುಕಲು ಬರುವುದಿಲ್ಲ. "ಯಾರು?" ಎಂಬುದಕ್ಕೆ ಉತ್ತರ ಕೊಡುವ ಸಾಧನ ಬೇರೆ, "ಎಲ್ಲಿ?" ಎಂಬುದಕ್ಕೆ ಬೇರೆ. ಬೊಗ್ಗನನ್ನು ಮನೆಗೆ ತಂದದ್ದು "ಯಾರು?" ಎಂಬುದಕ್ಕೆ ಬರೆದಿದ್ದ ಹತ್ತು ಅಂಕೆಗಳು.

ಈಗ ಅವನ ಬೆಲ್ಟಿನಲ್ಲಿ ಟ್ಯಾಗೂ ಇದೆ, ನಂಬ್ರ ಕೊರೆಸಿದ ಒಂದು ಹಿತ್ತಾಳೆಯ ಬಿಲ್ಲೆಯೂ ಇದೆ. ಬೆಡಿಯ ರಾತ್ರಿ ಅವನು ಒಳಕೋಣೆಯಲ್ಲಿ, ಬಾಗಿಲು ಹಾಕಿ.

ನಿಮ್ಮ ಶಾಲೆಯಲ್ಲೂ ಬುತ್ತಿಯ ಪ್ರಯೋಗ ಮಾಡಿ ನೋಡಿ. ಅಡಿಕೆ ತೋಟದಲ್ಲಿ, ಪಾರೆಯ ಮೇಲೆ, ಕಡಲ ಬದಿಯಲ್ಲಿ ಬಂದ ಹೆಜ್ಜೆಗಳ ಲೆಕ್ಕ ಬೇರೆ ಬೇರೆ ಇದ್ದೀತು. ಮಕ್ಕಳ ಪಟ್ಟಿಗಳನ್ನು ಪತ್ರಿಕೆಗೆ ಕಳಿಸಿಕೊಡಿ. ಒಟ್ಟಿಗೆ ಇಟ್ಟು ನೋಡೋಣ.