ಬೆಳೆದದ್ದಷ್ಟೇ ಲೆಕ್ಕಕ್ಕೆ

ಯೂರಿನ್ ಕಲ್ಚರ್ ಮಾಡಿಸಿದವರಿಗೆ ಎರಡು ಮೂರು ದಿನ ಬಿಟ್ಟು ರಿಪೋರ್ಟ್ ಸಿಗುತ್ತದೆ. ಸೋಂಕು ತಂದ ಬ್ಯಾಕ್ಟೀರಿಯಾದ ಹೆಸರು ಅದರಲ್ಲಿರುತ್ತದೆ. ಅದು ಯಾವ ಔಷಧಿಗೆ ಬಗ್ಗುತ್ತದೆ, ಯಾವುದಕ್ಕೆ ಜಗ್ಗುವುದಿಲ್ಲ ಎಂಬ ಉದ್ದನೆಯ ಪಟ್ಟಿಯೂ ಇರುತ್ತದೆ. ಇವೆರಡರ ನಡುವೆ ಇನ್ನೊಂದು ಸಾಲು: ಪ್ರತಿ ಎಂಎಲ್‌ಗೆ ಒಂದು ಲಕ್ಷಕ್ಕಿಂತ ಹೆಚ್ಚು ಸಿಎಫ್‌ಯು. ಹೆಚ್ಚಿನವರ ಕಣ್ಣು ಅಲ್ಲಿ ನಿಲ್ಲುವುದೇ ಇಲ್ಲ. ನಿಂತರೂ, ಒಂದು ಲಕ್ಷ ಬ್ಯಾಕ್ಟೀರಿಯಾ ಇವೆಯಂತೆ ಎಂದುಕೊಂಡು ಮುಂದೆ ಹೋಗುತ್ತಾರೆ. ಲ್ಯಾಬಿನವರು ಹಾಗೆ ಹೇಳಿಲ್ಲ. ಹೇಳುವುದು ಅವರಿಂದ ಸಾಧ್ಯವೂ ಇಲ್ಲ.

ಸಿಎಫ್‌ಯು ಎಂದರೆ ಕಾಲೊನಿ ಫಾರ್ಮಿಂಗ್ ಯುನಿಟ್, ಅಂದರೆ ಕಾಲೊನಿ ಕಟ್ಟಬಲ್ಲ ಘಟಕ. ಒಂಟಿ ಬ್ಯಾಕ್ಟೀರಿಯಾ ಬರಿಗಣ್ಣಿಗೆ ಕಾಣುವುದಿಲ್ಲ. ಆಹಾರ ಬೆರೆಸಿದ, ಅಗರ್ ಎಂಬ ಜೆಲ್ಲಿಯಂಥ ವಸ್ತುವಿನ ಮೇಲೆ ಅದನ್ನು ಬಿಟ್ಟು, 37 ಡಿಗ್ರಿ ಸೆಲ್ಸಿಯಸ್ ಕಾವಿನ ಪೆಟ್ಟಿಗೆಯಲ್ಲಿ ಒಂದು ರಾತ್ರಿ ಇಟ್ಟರೆ ಒಂದು ಎರಡಾಗುತ್ತದೆ, ಎರಡು ನಾಲ್ಕಾಗುತ್ತದೆ. ಅನುಕೂಲ ಸಿಕ್ಕರೆ ಇ. ಕೋಲಿ ಎಂಬ ಬ್ಯಾಕ್ಟೀರಿಯಾ ಸುಮಾರು 20 ನಿಮಿಷಕ್ಕೊಮ್ಮೆ ಇಬ್ಭಾಗವಾಗುತ್ತದೆ. ಮರುದಿನ ನೋಡಿದರೆ ಕೋಟಿಗಟ್ಟಲೆ ಕೋಶಗಳು ಒಂದೇ ಕಡೆ ಗುಡ್ಡೆಯಾಗಿ, ಒಂದೆರಡು ಮಿಲಿಮೀಟರ್ ಅಗಲದ ಚುಕ್ಕೆ ಎದ್ದಿರುತ್ತದೆ. ಅದೇ ಕಾಲೊನಿ. ಎಣಿಸುವುದು ಈ ಚುಕ್ಕೆಗಳನ್ನು. ಪ್ರತಿ ಚುಕ್ಕೆಯ ಮೂಲದಲ್ಲಿ ಕನಿಷ್ಠ ಒಂದು ಜೀವಂತ ಕೋಶ ಇತ್ತು ಎಂಬುದಷ್ಟೇ ಖಾತ್ರಿ. ಸಸಿಮಡಿಯಲ್ಲಿ ಮೊಳೆತ ರಾಗಿ ಪೈರನ್ನು ಎಣಿಸಿ ಬಿತ್ತನೆಯ ಲೆಕ್ಕ ಹೇಳಹೊರಟಂತೆ ಇದು: ಜೊಳ್ಳೆಷ್ಟಿತ್ತೋ, ಒಂದೇ ಕಡೆ ನಾಲ್ಕು ಕಾಳು ಬಿದ್ದಿತ್ತೋ ಪೈರು ಹೇಳುವುದಿಲ್ಲ.

ಮೂತ್ರದ ಲೆಕ್ಕ ಹೇಗೆ ಎಂದು ಹತ್ತಿರದಿಂದ ನೋಡಬಹುದು. ಟೆಕ್ನಿಶಿಯನ್ ಕೈಯಲ್ಲಿ ಒಂದು ಕಡ್ಡಿ, ಅದರ ತುದಿಯಲ್ಲಿ ತಂತಿಯ ಪುಟ್ಟ ಉಂಗುರ. ಇದಕ್ಕೆ ಲೂಪ್ ಎನ್ನುತ್ತಾರೆ. ಅಳತೆಗೆ ಸರಿಯಾಗಿ ಮಾಡಿದ ಲೂಪನ್ನು ನೆಟ್ಟಗೆ ಅದ್ದಿ ಎತ್ತಿದರೆ ಅದರಲ್ಲಿ ನಿಲ್ಲುವುದು ಒಂದು ಎಂಎಲ್‌ನ ಸಾವಿರದಲ್ಲೊಂದು ಪಾಲು ಮೂತ್ರ. ಅದನ್ನು ಅಗರ್ ತಟ್ಟೆಯ ನಡುವೆ ಒಂದು ಗೆರೆ ಎಳೆದು, ಗೆರೆಗೆ ಅಡ್ಡಲಾಗಿ ಅತ್ತಿತ್ತ ಸವರುತ್ತಾರೆ. ಮೆಕಾಂಕಿ ಎಂಬ ಬಗೆಯ ಅಗರ್ ಆದರೆ ಇ. ಕೋಲಿಯ ಚುಕ್ಕೆಗಳು ಗುಲಾಬಿ ಬಣ್ಣಕ್ಕೆ ತಿರುಗಿರುತ್ತವೆ. ನೂರು ಚುಕ್ಕೆ ಎದ್ದರೆ ಸಾವಿರದಿಂದ ಗುಣಿಸಿ ಒಂದು ಲಕ್ಷ. ಎಣಿಸಲಾಗದಷ್ಟು ಒತ್ತಾಗಿ ಬೆಳೆದಿದ್ದರೆ 'ಒಂದು ಲಕ್ಷಕ್ಕಿಂತ ಹೆಚ್ಚು' ಎಂದು ಬರೆದು ಕೈತೊಳೆದುಕೊಳ್ಳುತ್ತಾರೆ.

ಆ ಒಂದು ಲಕ್ಷದ ಗೆರೆ ಎಳೆದವರು ಅಮೆರಿಕದ ಬಾಸ್ಟನ್‌ನ ವೈದ್ಯ ಎಡ್ವರ್ಡ್ ಕ್ಯಾಸ್. ಚರ್ಮದ ಮೇಲಿನ ಬ್ಯಾಕ್ಟೀರಿಯಾ ಮೂತ್ರದ ಜತೆ ಸೀಸೆಗೆ ಬಿದ್ದೇ ಬೀಳುತ್ತವೆ. ಹಾಗೆ ಬಿದ್ದದ್ದು ಯಾವುದು, ನಿಜವಾದ ಸೋಂಕು ಯಾವುದು ಎಂದು ಬೇರ್ಪಡಿಸಲು 1956ರಲ್ಲಿ ಅವರು ಈ ಸಂಖ್ಯೆಯನ್ನು ಮುಂದಿಟ್ಟರು. ಅದು ಜಗತ್ತಿನ ಲ್ಯಾಬುಗಳಲ್ಲೆಲ್ಲ ಬೇರೂರಿತು. 1982ರಲ್ಲಿ ವಾಲ್ಟರ್ ಸ್ಟ್ಯಾಮ್ ಮತ್ತವರ ಸಂಗಡಿಗರು ಉರಿಮೂತ್ರದಿಂದ ನರಳುವ ಹೆಂಗಸರನ್ನು ಪರೀಕ್ಷಿಸಿ, ಇಂಥ ಲಕ್ಷಣಗಳಿದ್ದವರಲ್ಲಿ ಎಂಎಲ್‌ಗೆ ಬರೀ ನೂರು ಕಂಡರೂ ಅದು ಸೋಂಕೇ ಆಗಿರಬಹುದು ಎಂದು ತೋರಿಸಿದರು. 'ಗಮನಾರ್ಹ ಬೆಳವಣಿಗೆ ಇಲ್ಲ' ಎಂಬ ರಿಪೋರ್ಟ್ ಹಿಡಿದು ಉರಿ ತಡೆಯಲಾರದೆ ಕೂತವರ ಮಾತನ್ನು ವೈದ್ಯರು ತಳ್ಳಿಹಾಕಬಾರದು ಎನ್ನುವುದಕ್ಕೆ ಇದು ಸಾಕ್ಷಿ. ಇದರ ತಿರುಗುಮುರುಗೂ ಉಂಟು. ಬೆಳಿಗ್ಗೆ ಹಿಡಿದ ಮೂತ್ರ ಸೆಕೆಯಲ್ಲಿ ನಾಲ್ಕೈದು ಗಂಟೆ ಬ್ಯಾಗಿನೊಳಗೇ ಉಳಿದರೆ ಬ್ಯಾಕ್ಟೀರಿಯಾ ಅಲ್ಲೇ ಸಂಸಾರ ಬೆಳೆಸುತ್ತವೆ. ಎರಡು ಗಂಟೆಯೊಳಗೆ ಲ್ಯಾಬ್ ಮುಟ್ಟಿಸಿ, ಆಗದಿದ್ದರೆ ಫ್ರಿಜ್‌ನಲ್ಲಿಡಿ ಎಂದು ಹೇಳುವುದು ಅದಕ್ಕೇ. ಇಲ್ಲದಿದ್ದರೆ ರಿಪೋರ್ಟಿನ ಸಂಖ್ಯೆ ರೋಗಿಯದ್ದಾಗಿರುವುದಿಲ್ಲ, ಬ್ಯಾಗಿನದ್ದಾಗಿರುತ್ತದೆ.

ಹಾಲು, ಮೊಸರು, ಮಣ್ಣಿನಂಥವನ್ನು ನೇರವಾಗಿ ತಟ್ಟೆಗೆ ಹಾಕುವಂತಿಲ್ಲ. ಹಾಕಿದರೆ ಚುಕ್ಕೆಗಳು ಒಂದರ ಮೇಲೊಂದು ಬಿದ್ದು ತಟ್ಟೆ ತುಂಬ ಕೆನೆ ಕಟ್ಟಿದಂತಾಗುತ್ತದೆ. ಆದ್ದರಿಂದ ಒಂದು ಎಂಎಲ್ ಸ್ಯಾಂಪಲ್‌ಗೆ ಒಂಬತ್ತು ಎಂಎಲ್ ಶುದ್ಧ ದ್ರಾವಣ ಸೇರಿಸಿ ಹತ್ತು ಪಟ್ಟು ತೆಳು ಮಾಡುತ್ತಾರೆ. ಅದರಿಂದ ಒಂದು ಎಂಎಲ್ ತೆಗೆದು ಮತ್ತೆ ಹತ್ತು ಪಟ್ಟು. ಹೀಗೆ ಐದು ಸಲ ಮಾಡಿದರೆ ಲಕ್ಷ ಪಟ್ಟು. ಅದರ ಒಂದು ಎಂಎಲ್ ಹಾಕಿದ ತಟ್ಟೆಯಲ್ಲಿ 142 ಚುಕ್ಕೆ ಎದ್ದರೆ, ಮೂಲ ಸ್ಯಾಂಪಲ್‌ನ ಪ್ರತಿ ಎಂಎಲ್‌ನಲ್ಲಿ 1,42,00,000 ಸಿಎಫ್‌ಯು. 30ರಿಂದ 300 ಚುಕ್ಕೆ ಇರುವ ತಟ್ಟೆಯನ್ನೇ ಎಣಿಕೆಗೆ ಆರಿಸುವುದು ವಾಡಿಕೆ. ಅದಕ್ಕಿಂತ ಕಡಿಮೆಯಾದರೆ ಅದೃಷ್ಟದ ಆಟ, ಹೆಚ್ಚಾದರೆ ನೂಕುನುಗ್ಗಲು.

ಈ ಎಣಿಕೆ ಸಾಧ್ಯವಾಗಿದ್ದರ ಹಿಂದೆ ಒಬ್ಬ ಗೃಹಿಣಿ ಇದ್ದಾರೆ. ಬ್ಯಾಕ್ಟೀರಿಯಾ ಬೆಳೆಸಲು ಜರ್ಮನಿಯ ವಿಜ್ಞಾನಿ ರಾಬರ್ಟ್ ಕಾಕ್ ಅಗರ್ ಬರುವ ಮೊದಲು ಬಳಸುತ್ತಿದ್ದುದು ಜೆಲಟಿನ್. ಕಾವಿನ ಪೆಟ್ಟಿಗೆಯಲ್ಲಿಟ್ಟರೆ ಅದು ಕರಗಿ ನೀರಾಗುತ್ತಿತ್ತು, ಕೆಲವು ಬ್ಯಾಕ್ಟೀರಿಯಾ ಅದನ್ನೇ ತಿಂದು ದ್ರವ ಮಾಡುತ್ತಿದ್ದವು. ಕಾಕ್‌ರ ಲ್ಯಾಬಿನಲ್ಲಿ ಕೆಲಸಕ್ಕಿದ್ದ ವಾಲ್ಟರ್ ಹೆಸ್ಸೆಯ ಹೆಂಡತಿ ಫ್ಯಾನಿ ಗಂಡನ ಪ್ರಯೋಗಗಳಿಗೆ ನೆರವಾಗುತ್ತಿದ್ದರು, ಸೂಕ್ಷ್ಮದರ್ಶಕದಲ್ಲಿ ಕಂಡದ್ದನ್ನು ಚಿತ್ರ ಬರೆದುಕೊಡುತ್ತಿದ್ದರು. ಬೇಸಿಗೆಯಲ್ಲೂ ನಿಮ್ಮ ಅಡುಗೆಮನೆಯ ಜೆಲ್ಲಿ ಹೇಗೆ ಗಟ್ಟಿಯಾಗಿ ನಿಲ್ಲುತ್ತದೆ ಎಂದು ವಾಲ್ಟರ್ ಕೇಳಿದಾಗ ಅವರು ಅಗರ್‌ನ ಗುಟ್ಟು ಹೇಳಿದರು. ಜಾವಾದಲ್ಲಿ ಇದ್ದುಬಂದ ಡಚ್ ಪರಿಚಯಸ್ಥರಿಂದ ಅವರದನ್ನು ಕಲಿತಿದ್ದರು. ಕಡಲಪಾಚಿಯಿಂದ ತೆಗೆಯುವ ಇದನ್ನೇ ನಮ್ಮ ಅಂಗಡಿಗಳಲ್ಲಿ ಚೈನಾ ಗ್ರಾಸ್ ಎಂದು ಮಾರುತ್ತಾರೆ. ಒಮ್ಮೆ ಹೆಪ್ಪುಗಟ್ಟಿದರೆ 85 ಡಿಗ್ರಿಯ ಆಸುಪಾಸು ಮುಟ್ಟುವವರೆಗೆ ಅದು ಕರಗುವುದಿಲ್ಲ, ಹೆಚ್ಚಿನ ಬ್ಯಾಕ್ಟೀರಿಯಾ ಅದನ್ನು ತಿನ್ನುವುದೂ ಇಲ್ಲ. 1882ರಲ್ಲಿ ಕ್ಷಯದ ರೋಗಾಣು ಕಂಡುಹಿಡಿದ ಪ್ರಬಂಧದಲ್ಲಿ ಕಾಕ್ ಅಗರ್ ಹೆಸರೆತ್ತಿದರು, ಹೆಸ್ಸೆ ದಂಪತಿಯ ಹೆಸರೆತ್ತಲಿಲ್ಲ. ಕಾಕ್ ಅವರ ಇನ್ನೊಬ್ಬ ಸಹಾಯಕ ಪೆಟ್ರಿ 1887ರಲ್ಲಿ ಮುಚ್ಚಳದ ಗಾಜಿನ ತಟ್ಟೆ ತಂದರು. ಆ ಹೆಸರು ಮಾತ್ರ ಇಂದಿಗೂ ಎಲ್ಲರ ಬಾಯಲ್ಲಿದೆ.

ಚುಕ್ಕೆಗಳ ಲೆಕ್ಕ ಜನರ ಜೀವದ ಪ್ರಶ್ನೆಯಾದದ್ದು 1892ರ ಹ್ಯಾಂಬರ್ಗ್ ಕಾಲರಾದಲ್ಲಿ. ಎಂಟು ಸಾವಿರಕ್ಕೂ ಹೆಚ್ಚು ಜನ ಸತ್ತರು. ಹ್ಯಾಂಬರ್ಗ್‌ಗೆ ಅಂಟಿಕೊಂಡೇ ಇದ್ದ ಆಲ್ಟೋನಾ ಊರು ಅದೇ ಎಲ್ಬ್ ನದಿಯ ನೀರನ್ನು, ಅದೂ ಹ್ಯಾಂಬರ್ಗ್‌ನ ಕೊಳಚೆ ಸೇರಿದ ಕೆಳಹರಿವಿನ ನೀರನ್ನು ಕುಡಿಯುತ್ತಿತ್ತು. ಆದರೂ ಹೆಚ್ಚು ಬಾಧೆಯಿಲ್ಲದೆ ಪಾರಾಯಿತು. ಆಲ್ಟೋನಾ ನೀರನ್ನು ಮರಳಿನಲ್ಲಿ ಸೋಸುತ್ತಿತ್ತು, ಹ್ಯಾಂಬರ್ಗ್ ಸೋಸುತ್ತಿರಲಿಲ್ಲ. ಸೋಸಿದ ನೀರಿನ ಪ್ರತಿ ಎಂಎಲ್‌ನಲ್ಲಿ ಬೆಳೆಯಬಲ್ಲ ಸೂಕ್ಷ್ಮಜೀವಿಗಳು 100 ಮೀರಬಾರದು ಎಂದು ಮರುವರ್ಷ ಕಾಕ್ ಮಿತಿ ಹಾಕಿದರು. ಭಾರತದ ಕುಡಿಯುವ ನೀರಿನ ಮಾನಕದಲ್ಲಿ ಇ. ಕೋಲಿಗೆ ಅಷ್ಟು ಸಲಿಗೆಯೂ ಇಲ್ಲ, 100 ಎಂಎಲ್ ನೀರಿನಲ್ಲಿ ಒಂದೂ ಕಾಣುವಂತಿಲ್ಲ.

ಇಷ್ಟೆಲ್ಲ ಹೊಣೆ ಹೊತ್ತ ಈ ಲೆಕ್ಕಕ್ಕೆ ದೊಡ್ಡ ಕುರುಡುತಾಣಗಳಿವೆ. ಮಣ್ಣಿನ ಸ್ಯಾಂಪಲ್ಲನ್ನು ಸೂಕ್ಷ್ಮದರ್ಶಕದಲ್ಲಿ ನೋಡಿದಾಗ ಕಾಣುವ ಕೋಶಗಳಲ್ಲಿ ಸಾಮಾನ್ಯವಾಗಿ ನೂರಕ್ಕೊಂದೂ ತಟ್ಟೆಯ ಮೇಲೆ ಬೆಳೆಯುವುದಿಲ್ಲ. ಕ್ಷಯದ ರೋಗಾಣು ಬೆಳೆಯುತ್ತದೆ, ಆದರೆ ಮೂರರಿಂದ ಎಂಟು ವಾರ ಬೇಕು. ಎರಡನೆಯ ದಿನಕ್ಕೆ ಎಣಿಸಿದರೆ ಸೊನ್ನೆ. ಕುಷ್ಠದ್ದು ಇನ್ನೂ ವಿಚಿತ್ರ. ನಾರ್ವೆಯ ವೈದ್ಯ ಹ್ಯಾನ್ಸನ್ 1873ರಲ್ಲೇ ಅದನ್ನು ಕಂಡಿದ್ದರೂ ಇವತ್ತಿನವರೆಗೆ ಯಾವ ಕೃತಕ ಆಹಾರದ ಮೇಲೂ ಅದು ಬೆಳೆದಿಲ್ಲ. 1960ರಲ್ಲಿ ಇಲಿಯ ಪಾದದಲ್ಲಿ ಬೆಳೆಸುವ ದಾರಿ ಸಿಕ್ಕಿತು, ಅಲ್ಲೂ ಅದು ಇಮ್ಮಡಿಯಾಗಲು ಎರಡು ವಾರದ ಹತ್ತಿರ ತೆಗೆದುಕೊಳ್ಳುತ್ತದೆ. ರೋಗಿಯ ಚರ್ಮದಲ್ಲಿ ಕೋಟಿ ಕೋಟಿ ಇದ್ದರೂ ಸಿಎಫ್‌ಯು ಲೆಕ್ಕದಲ್ಲಿ ಕುಷ್ಠದ ರೋಗಾಣು ಇಲ್ಲವೇ ಇಲ್ಲ.

ಬೆಳೆಯಬಲ್ಲವು ಕೂಡ ಕೆಲವೊಮ್ಮೆ ಮುಷ್ಕರ ಹೂಡುತ್ತವೆ. ಕಾಲರಾ ತರುವ ವಿಬ್ರಿಯೊ ಬ್ಯಾಕ್ಟೀರಿಯಾ ತಣ್ಣನೆಯ, ಆಹಾರವಿಲ್ಲದ ನೀರಿನಲ್ಲಿ ಜೀವ ಹಿಡಿದುಕೊಂಡಿದ್ದೂ ತಟ್ಟೆಯ ಮೇಲೆ ಬೆಳೆಯಲು ಒಪ್ಪುವುದಿಲ್ಲ ಎಂದು ಅಮೆರಿಕದ ವಿಜ್ಞಾನಿ ರೀಟಾ ಕೋಲ್ವೆಲ್ ತಂಡ 1982ರಲ್ಲಿ ವರದಿ ಮಾಡಿತು. ಕೆರೆಕುಂಟೆಯ ನೀರು ಪರೀಕ್ಷೆಯಲ್ಲಿ ಪಾಸಾಗಿ ಆಮೇಲೆ ಊರಿಗೆ ಕಾಲರಾ ಬರುವುದು ಹೇಗೆ ಎಂಬುದಕ್ಕೆ ಇಲ್ಲೊಂದು ಸುಳಿವಿದೆ. ಈ ವಿಬ್ರಿಯೊಗಳು ನೀರಿನ ಸಣ್ಣ ಹುಳುಗಳಿಗೆ ಅಂಟಿಕೊಂಡಿರುತ್ತವೆ. ಕೋಲ್ವೆಲ್ ಮತ್ತು ಸಂಗಡಿಗರು ಬಾಂಗ್ಲಾದೇಶದ ಹಳ್ಳಿಗಳಲ್ಲಿ ಹಳೆಯ ಹತ್ತಿ ಸೀರೆಯನ್ನು ಹಲವು ಪದರ ಮಡಿಸಿ ನೀರು ಸೋಸುವುದನ್ನು ರೂಢಿ ಮಾಡಿಸಿದರು. ಅಲ್ಲಿ ಕಾಲರಾ ಹೆಚ್ಚುಕಡಿಮೆ ಅರ್ಧಕ್ಕೆ ಇಳಿಯಿತು ಎಂದು 2003ರಲ್ಲಿ ಪ್ರಕಟಿಸಿದರು.

ಹಾಗಾದರೆ ಪಿಸಿಆರ್ ಪರೀಕ್ಷೆ ಬಂದ ಮೇಲೂ ಈ ಹಳೆಯ ಲೆಕ್ಕ ಯಾಕೆ? ಪಿಸಿಆರ್ ಹುಡುಕುವುದು ಡಿಎನ್‌ಎ. ಚೆನ್ನಾಗಿ ಕಾಸಿದ ಹಾಲಿನಲ್ಲಿ ಸತ್ತುಬಿದ್ದ ಬ್ಯಾಕ್ಟೀರಿಯಾದ ಡಿಎನ್‌ಎಯೂ ಅದಕ್ಕೆ ಸಿಗುತ್ತದೆ. ಹಾಲು ಕಾಸಿದ್ದು ಸಾಲದಾಯಿತೇ ಎಂದು ತಿಳಿಯಬೇಕಾದ ಡೈರಿಗೆ ಹೆಣಗಳ ಎಣಿಕೆ ಕಟ್ಟಿಕೊಂಡು ಏನಾಗಬೇಕು? ಸತ್ತದ್ದು ತಟ್ಟೆಯ ಮೇಲೆ ಚುಕ್ಕೆಯಾಗುವುದಿಲ್ಲ.

ಈಗ ಸಿಎಫ್‌ಯು ಲ್ಯಾಬ್ ಬಿಟ್ಟು ಕಿರಾಣಿ ಅಂಗಡಿಯ ಫ್ರಿಜ್‌ಗೂ ಬಂದಿದೆ. ಹುದುಗಿಸಿದ ಹಾಲಿನ ಪದಾರ್ಥಗಳ ಪ್ರತಿ ಗ್ರಾಂನಲ್ಲಿ ಹೆಪ್ಪಿನ ಬ್ಯಾಕ್ಟೀರಿಯಾ ಕನಿಷ್ಠ ಒಂದು ಕೋಟಿ ಸಿಎಫ್‌ಯು ಇರಬೇಕು ಎನ್ನುತ್ತದೆ ಅಂತರರಾಷ್ಟ್ರೀಯ ಆಹಾರ ಮಾನಕ ಕೋಡೆಕ್ಸ್. ಯೋಗರ್ಟ್‌ನಲ್ಲಿರುವ ಸ್ಟ್ರೆಪ್ಟೊಕಾಕಸ್ ಸರಪಳಿಯಾಗಿ ಬದುಕುವ ಜಾತಿ. ಹತ್ತು ಕೋಶಗಳ ಸರಪಳಿ ತಟ್ಟೆಯ ಮೇಲೆ ಬಿದ್ದರೂ ಏಳುವುದು ಒಂದೇ ಚುಕ್ಕೆ. ಅದೇ ಸ್ಯಾಂಪಲ್ಲನ್ನು ಜೋರಾಗಿ ಕುಲುಕಿ ಸರಪಳಿ ಕಡಿದರೆ, ಒಂದೂ ಹೊಸ ಕೋಶ ಹುಟ್ಟದೆ ಸಂಖ್ಯೆ ಏರುತ್ತದೆ.

ಜೀವಂತ ಬ್ಯಾಕ್ಟೀರಿಯಾ ತುಂಬಿದ ಪ್ರೊಬಯೋಟಿಕ್ ಡಬ್ಬಿ ಕೊಳ್ಳುವವರು ಮುಂಭಾಗದ ದಪ್ಪಕ್ಷರದ ಕೋಟಿಗಳಿಗಿಂತ ಹಿಂಭಾಗದ ಸಣ್ಣಕ್ಷರ ನೋಡುವುದು ಒಳ್ಳೆಯದು. ಆ ಸಂಖ್ಯೆ ತಯಾರಾದ ದಿನದ್ದೋ, ಅವಧಿ ಮುಗಿಯುವ ದಿನದವರೆಗೂ ಉಳಿಯುವುದೋ? ಎರಡರ ನಡುವೆ, ಅದರಲ್ಲೂ ಕರೆಂಟು ಹೋಗಿಬರುವ ಅಂಗಡಿಯ ಫ್ರಿಜ್‌ನಲ್ಲಿ, ಬಹಳಷ್ಟು ಸತ್ತಿರುತ್ತವೆ. ಭೇದಿಯಾದ ಮಕ್ಕಳಿಗೆ ವೈದ್ಯರು ಬರೆದುಕೊಡುವ 5 ಎಂಎಲ್‌ನ ಪುಟ್ಟ ಪ್ಲಾಸ್ಟಿಕ್ ಸೀಸೆಗಳಿಗೆ ಫ್ರಿಜ್ ಬೇಕಿಲ್ಲ. ಅವುಗಳಲ್ಲಿರುವ ಬ್ಯಾಸಿಲಸ್ ಕ್ಲಾಸಿಯೈ ಗಟ್ಟಿ ಕವಚದ ಸ್ಪೋರ್ ರೂಪದಲ್ಲಿ ನಿದ್ದೆಯಲ್ಲಿರುತ್ತದೆ. ಲೇಬಲ್ ಮೇಲೂ 200 ಕೋಟಿ ಸ್ಪೋರ್ ಎಂದು ಅಚ್ಚಾಗಿರುತ್ತದೆ, ಸಿಎಫ್‌ಯು ಎಂದಲ್ಲ. ಆದರೆ ಲ್ಯಾಬಿನಲ್ಲಿ ಸ್ಪೋರ್ ಎಣಿಸುವ ರೂಢಿಯ ವಿಧಾನವೂ ಇದೇ: ಸ್ಯಾಂಪಲ್ಲನ್ನು ಬಿಸಿ ಮಾಡಿ ಕವಚವಿಲ್ಲದ್ದನ್ನು ಕೊಂದು, ಉಳಿದದ್ದನ್ನು ಅಗರ್ ಮೇಲೆ ಹರಡಿ, ಮರುದಿನ ಎದ್ದ ಚುಕ್ಕೆ ಎಣಿಸುತ್ತಾರೆ.