ಸ್ವಾಧೀನ ಬೇರೆ, ಒಡೆತನ ಬೇರೆ

ಬೆಂಗಳೂರಿನಿಂದ ಅರಸೀಕೆರೆಗೆ ಹೋಗುವ ರೈಲುದಾರಿಯಲ್ಲಿ, ಗುಬ್ಬಿಗೂ ತಿಪಟೂರಿಗೂ ನಡುವೆ ಅಮ್ಮಸಂದ್ರವಿದೆ. ಇಲ್ಲಿಂದ ತುರುವೇಕೆರೆಯ ಕಡೆಗಾಗಲಿ ಚಿಕ್ಕನಾಯಕನಹಳ್ಳಿಯ ಕಡೆಗಾಗಲಿ ಹೊರಟರೆ ತೆಂಗಿನ ತೋಟಗಳು ಸಾಲುಸಾಲಾಗಿ ಎದುರಾಗುತ್ತವೆ. ಈ ತೋಟಗಳ ಅಂಚಿನಲ್ಲಿ ಗೋಮಾಳ, ಗುಂಡುತೋಪು, ಕೆರೆಯಂಗಳ, ಬಂಡಿದಾರಿ ಮುಂತಾಗಿ ಊರಿಗೆಲ್ಲ ಸೇರಿದ ಜಾಗಗಳುಂಟು. ನಮ್ಮ ಸೀಮೆಯಲ್ಲಿ ಅನುಭವದಾರನಿಗೂ ಸರ್ಕಾರಕ್ಕೂ, ಅಥವಾ ಅವನಿಗೂ ಪಂಚಾಯಿತಿಗೂ ವ್ಯಾಜ್ಯ ಹುಟ್ಟುವುದು ಸಾಮಾನ್ಯವಾಗಿ ಇಂತಹ ಅಂಚುಗಳಲ್ಲಿಯೇ. “ಇಷ್ಟು ವರ್ಷ ಅನುಭವಿಸಿದ್ದೇನೆ, ಭೂಮಿ ನನ್ನದು” ಎಂಬುದು ಒಬ್ಬನ ವಾದ. “ಸರ್ಕಾರಿ ಜಾಗ, ನಾಳೆಯೇ ಕೀಳಿಸುತ್ತೇವೆ” ಎಂಬುದು ಇನ್ನೊಬ್ಬರ ವಾದ. ನಾನು ಓದಿ ತಿಳಿದ ಮಟ್ಟಿಗೆ ಕಾನೂನು ಈ ಎರಡು ಮಾತುಗಳಲ್ಲಿ ಯಾವುದನ್ನೂ ಪೂರ್ತಿಯಾಗಿ ಒಪ್ಪುವುದಿಲ್ಲ.

ತೆಂಗಿನ ನಾಡಿನಲ್ಲಿ ಈ ವ್ಯಾಜ್ಯಕ್ಕೆ ಒಂದು ವಿಶೇಷವಿದೆ. ಒತ್ತುವರಿ ಮಾಡಿದವನು ರಾಗಿ ಬಿತ್ತಿದರೆ ಕೊಯ್ಲಿನೊಂದಿಗೆ ಆ ವರ್ಷದ ಕುರುಹು ಅಳಿಯುತ್ತದೆ. ತೆಂಗಾದರೆ ಹಾಗಲ್ಲ. ನಮ್ಮ ಎತ್ತರದ ತಳಿಯ ಸಸಿ ಫಲ ಕೊಡುವುದಕ್ಕೇ ಆರರಿಂದ ಎಂಟು ವರ್ಷ ಬೇಕು. ಆಮೇಲೆ ಅದು ಐವತ್ತು ಅರುವತ್ತು ವರ್ಷ ಕಾಯಿ ಬಿಡುತ್ತದೆ. ತಂದೆ ನೆಟ್ಟುದನ್ನು ಮಗನು ಉಣ್ಣುತ್ತಾನೆ, ಮಗನಿಗೆ ಅದು ಪಿತ್ರಾರ್ಜಿತವೆಂದೇ ತೋರುತ್ತದೆ. ತೆರವಿನ ನೋಟೀಸು ಬಂದಾಗ ಕೈಗೆ ಬಂದ ತುತ್ತು ಬಾಯಿಗೆ ಬಾರದಂತಾಗುತ್ತದೆ.

ಸ್ವಾಧೀನ ಬೇರೆ, ಒಡೆತನ ಬೇರೆ ಎಂಬುದನ್ನು ಪಹಣಿಯೇ ತೋರಿಸಿಕೊಡುತ್ತದೆ. ಅದರ 9ನೆಯ ಕಾಲಮಿನಲ್ಲಿ ಖಾತೆದಾರನ ಹೆಸರಿದ್ದರೆ, 12ನೆಯ ಕಾಲಮಿನಲ್ಲಿ ಸಾಗುವಳಿ ಮಾಡುವವನ ಹೆಸರು ಮತ್ತು ಬೆಳೆಯ ವಿವರವಿರುತ್ತದೆ. 1964ರ ಭೂಕಂದಾಯ ಕಾಯಿದೆಯ 133ನೆಯ ಕಲಮಿನಂತೆ, ಸುಳ್ಳೆಂದು ರುಜುವಾಗುವವರೆಗೆ ಈ ನಮೂದುಗಳನ್ನು ನಿಜವೆಂದು ಭಾವಿಸಬೇಕು. ಇದು ಒಂದು ಅನುಮಾನ ಮಾತ್ರ. ಒಡೆತನವನ್ನು ಹುಟ್ಟಿಸುವ ಶಕ್ತಿ ಅದಕ್ಕಿಲ್ಲ.

ಎದುರು ಪಕ್ಷ ಯಾರೆಂಬುದನ್ನೂ ಮೊದಲೇ ತಿಳಿಯಬೇಕು. ಗೋಮಾಳವು ಸರ್ಕಾರದ್ದು, ಪಂಚಾಯಿತಿಯದಲ್ಲ. ಅದನ್ನು ಯಾರಿಗೂ ಮಂಜೂರು ಮಾಡಿಕೊಡುವ ಅಧಿಕಾರ ಪಂಚಾಯಿತಿಗಿಲ್ಲ. ಊರೊಳಗಿನ ಬೀದಿ ಮತ್ತು ಬಯಲು ನಿವೇಶನಗಳ ಒತ್ತುವರಿಯನ್ನು ತೆಗೆಸುವ ಹೊಣೆಯನ್ನು 1993ರ ಪಂಚಾಯತ್ ರಾಜ್ ಕಾಯಿದೆಯು ಗ್ರಾಮ ಪಂಚಾಯಿತಿಗೆ ಕೊಟ್ಟಿದೆ. 1966ರ ಭೂಕಂದಾಯ ನಿಯಮಗಳಲ್ಲಿ 97ನೆಯದು, ನೂರು ದನಗಳಿಗೆ 12 ಹೆಕ್ಟೇರಿನಂತೆ, ಎಂದರೆ ಸುಮಾರು 30 ಎಕರೆಯಂತೆ, ಹುಲ್ಲುಗಾವಲನ್ನು ಕಾಯ್ದಿಡಬೇಕೆಂದು ಹೇಳುತ್ತದೆ. ತೋಟವಿಲ್ಲದೆ ಎರಡು ಹಸುಗಳನ್ನು ಕಟ್ಟಿಕೊಂಡು ಬಾಳುವ ಬಡವನಿಗೆ ಈ ಹುಲ್ಲುಗಾವಲೇ ಆಸ್ತಿ.

ಈಗ ಅನುಭವದಾರನ ಪರವಾದ ಕಾನೂನನ್ನು ನೋಡೋಣ. ನೆಲೆಗೊಂಡ ಸ್ವಾಧೀನದಲ್ಲಿರುವವನನ್ನು ನಿಜವಾದ ಒಡೆಯನೂ ಕಾನೂನು ಕ್ರಮವಿಲ್ಲದೆ ಹೊರಹಾಕುವಂತಿಲ್ಲವೆಂದು, ಬೆಂಗಳೂರಿನ ನೆರೆಹೊರೆಯವರ ಒಂದು ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟು 2003ರ ಡಿಸೆಂಬರಿನಲ್ಲಿ ತೀರ್ಪಿತ್ತಿತು. ಸರ್ಕಾರಕ್ಕೂ ಈ ತತ್ವವುಂಟು: ಗೇಣಿಯ ಅವಧಿ ಮುಗಿದಿದ್ದರೂ ಅದು ಬಲವಂತದಿಂದ ಸ್ವಾಧೀನ ಪಡೆಯಬಾರದೆಂದು ಉತ್ತರ ಪ್ರದೇಶದ ಮೊಕದ್ದಮೆಯೊಂದರಲ್ಲಿ 1989ರಲ್ಲಿ ಹೇಳಲಾಗಿದೆ. ಆದುದರಿಂದ ಲಿಖಿತ ನೋಟೀಸು, ಅಳತೆ, ಅಹವಾಲು ಕೇಳುವುದು ಇವು ಅಧಿಕಾರಿಯ ಕೃಪೆಯಲ್ಲ, ಕರ್ತವ್ಯ. ಆದರೆ ನಿನ್ನೆ ರಾತ್ರಿ ಬೇಲಿ ಹಾಕಿದವನ ಸ್ವಾಧೀನವು ನೆಲೆಗೊಂಡುದೆನಿಸಲಾರದು.

ಈ ರಕ್ಷಣೆಗೆ ಮಿತಿಯೂ ಉಂಟು. 1963ರ ಕಾಲಮಿತಿ ಕಾಯಿದೆಯಂತೆ ಖಾಸಗಿ ಒಡೆಯನು ಪ್ರತಿಕೂಲ ಸ್ವಾಧೀನದ ವಿರುದ್ಧ 12 ವರ್ಷಗಳೊಳಗೆ ದಾವೆ ಹೂಡಬೇಕು. ಸರ್ಕಾರಕ್ಕೆ 30 ವರ್ಷಗಳ ಅವಕಾಶವಿದೆ. ಸಾರ್ವಜನಿಕ ರಸ್ತೆಯ ವಿಷಯದಲ್ಲಿ ಪಂಚಾಯಿತಿಯಂತಹ ಸ್ಥಳೀಯ ಸಂಸ್ಥೆಗೂ 30 ವರ್ಷಗಳೇ. ವರ್ಷಗಳ ಎಣಿಕೆಯೊಂದೇ ಸಾಲದು. ಸ್ವಾಧೀನವು ಬಹಿರಂಗವಾಗಿ, ಎಡೆಬಿಡದೆ, ಒಡೆಯನ ಹಕ್ಕನ್ನು ಅಲ್ಲಗಳೆಯುವಂತೆ ಇದ್ದಿತೆಂದು ಸಾಧಿಸಬೇಕು.

ಇಲ್ಲಿಯೇ ಹಲವರು ಗಮನಿಸದ ತೊಡಕಿದೆ. ಹುಕುಮಿಲ್ಲದೆ ಮಾಡಿದ ಸಾಗುವಳಿಯೇ ಬಗರ್‌ಹುಕುಂ. ಅದನ್ನು ಸಕ್ರಮಗೊಳಿಸಲು 1991ರಲ್ಲಿ ಕಾಯಿದೆಗೆ 94-ಎ ಕಲಮು ಸೇರಿತು. ನಮೂನೆ 50, ಆಮೇಲೆ 53, 2018ರ ತಿದ್ದುಪಡಿಯ ತರುವಾಯ 57 ಬಂದವು. ಈ ಅರ್ಜಿ ಹಾಕುವವನು ಭೂಮಿ ಸರ್ಕಾರದ್ದೆಂದು ತಾನೇ ಒಪ್ಪಿದಂತಾಗುತ್ತದೆ. ಒಂದು ಕೈಯಲ್ಲಿ ಮಂಜೂರಾತಿ ಬೇಡುತ್ತ ಇನ್ನೊಂದು ಕೈಯಲ್ಲಿ ಪ್ರತಿಕೂಲ ಸ್ವಾಧೀನವನ್ನು ಸಾಧಿಸುವುದು ಕಷ್ಟ.

ಪಂಜಾಬಿನ ಪಟಿಯಾಲ ಜಿಲ್ಲೆಯ ಹಳ್ಳಿಯೊಂದರ ಕೆರೆಯ ಒತ್ತುವರಿಯನ್ನು ಕುರಿತು ಸುಪ್ರೀಂ ಕೋರ್ಟು 2011ರ ಜನವರಿ 28ರಂದು ಇನ್ನೂ ಕಟುವಾಗಿ ನುಡಿಯಿತು. ಬಹುಕಾಲ ಅನುಭವಿಸಿದ್ದಾಗಲಿ, ಕಟ್ಟಡಕ್ಕೆ ಹಣ ಸುರಿದದ್ದಾಗಲಿ ಸಕ್ರಮಕ್ಕೆ ಕಾರಣವಾಗದೆಂದು ಹೇಳಿ, ಊರಿನ ಸಾಮೂಹಿಕ ಜಾಗಗಳನ್ನು ಬಿಡಿಸಿಕೊಳ್ಳಲು ಯೋಜನೆ ರೂಪಿಸುವಂತೆ ಎಲ್ಲ ರಾಜ್ಯಗಳಿಗೂ ಆಜ್ಞಾಪಿಸಿತು. ಭೂಹೀನ ಕೂಲಿಗಾರರಿಗೂ ಪರಿಶಿಷ್ಟ ಜಾತಿ ಪಂಗಡಗಳವರಿಗೂ ಸರ್ಕಾರದ ಅಧಿಸೂಚನೆಯಂತೆ ಗೇಣಿಗೆ ಕೊಟ್ಟ ಜಾಗ, ಶಾಲೆ ಅಥವಾ ದವಾಖಾನೆ ಆಗಲೇ ಇರುವ ಜಾಗ, ಇವುಗಳಂತಹ ವಿಶೇಷ ಸಂದರ್ಭಗಳನ್ನು ಮಾತ್ರ ಹೊರತುಪಡಿಸಿತು.

ಇದರಿಂದ ನಾನು ಗ್ರಹಿಸುವುದು ಇಷ್ಟು. ಅನುಭವದಾರನಿಗೆ ಕ್ರಮಬದ್ಧವಾದ ವಿಚಾರಣೆಯ ಹಕ್ಕುಂಟು. ಊರಿಗೆ ತನ್ನ ಜಾಗದ ಹಕ್ಕುಂಟು. ಸಸಿ ನೆಡುವ ಮುನ್ನ ರೈತನು ಅಳತೆ ಮಾಡಿಸಿಕೊಂಡರೆ, ಸಸಿಗೆ ಸುಳಿ ಮೂಡಿದಾಗಲೇ ಅಧಿಕಾರಿ ಗಡಿಕಲ್ಲನ್ನು ನೋಡಿಬಂದರೆ, ಫಲಬಿಟ್ಟ ಮರಕ್ಕೆ ಗರಗಸ ಹಾಕುವ ದುಃಖ ತಪ್ಪುತ್ತದೆ. ತಡಮಾಡಿದಷ್ಟೂ ಇಬ್ಬರ ನಷ್ಟವೂ ಮರದೊಡನೆಯೇ ಬೆಳೆಯುತ್ತದೆ. ಇವರಿಬ್ಬರ ಜಗಳದಲ್ಲಿ ವಕೀಲನನ್ನಿಡಲಾರದ ಮೂರನೆಯ ಪಕ್ಷವೊಂದಿದೆ. ಅದು ಮೇವಿಲ್ಲದೆ ಕೊಟ್ಟಿಗೆಗೆ ಮರಳುವ ಊರ ದನ.