ಮನೆತನವೇ ದೇವರಾದ ಚಿಂಚವಾಡ

ಪಿಂಪ್ರಿ-ಚಿಂಚವಾಡ ಎಂದರೆ ನಮ್ಮ ಕಡೆಯವರಿಗೆ ಕಾರ್ಖಾನೆಗಳ ಊರು. 1954ರಲ್ಲಿ ಪಿಂಪ್ರಿಯಲ್ಲಿ ಹಿಂದೂಸ್ತಾನ್ ಆಂಟಿಬಯೋಟಿಕ್ಸ್ ಶುರುವಾಯಿತು. ಅದರ ಹಿಂದೆಯೇ ಮೋಟಾರು, ಸ್ಕೂಟರು, ಬಿಡಿಭಾಗಗಳ ಶೆಡ್ಡುಗಳು ಎದ್ದವು. ಕಲಬುರಗಿ, ವಿಜಯಪುರ, ಬೀದರ್ ಕಡೆಯಿಂದ ದುಡಿಮೆಗೆ ಬಂದು ಇಲ್ಲೇ ನೆಲೆನಿಂತ ಮನೆಗಳು ಬಹಳ. ಶಿಫ್ಟಿನ ಸೈರನ್ನು ಇಲ್ಲಿ ಕೇಳಿಸುವುದಕ್ಕೆ ಎಷ್ಟೋ ಮೊದಲೇ ಪವನಾ ನದಿಯ ದಂಡೆಯ ಈ ಹಳ್ಳಿಗೆ ದೊರೆಗಳು ಸನದು, ಅಂದರೆ ದಾನಪತ್ರ, ಬರೆದುಕೊಡುತ್ತಿದ್ದರು. ಅದಕ್ಕೆ ಕಾರಣ ಮೋರಯಾ ಗೋಸಾವಿ ಎಂಬ ಗಣಪತಿ ಭಕ್ತ ಮತ್ತು ಅವರ ವಂಶ.

ಮೋರಯಾ ಬದುಕಿದ ಕಾಲದ ಬಗ್ಗೆ ವಿದ್ವಾಂಸರಲ್ಲಿ ಇಂದಿಗೂ ಒಮ್ಮತವಿಲ್ಲ. ಒಂದು ಐತಿಹ್ಯ ಅವರನ್ನು ನಮ್ಮ ಬೀದರ್ ಸೀಮೆಯವರೆನ್ನುತ್ತದೆ. ಮೋರಗಾಂವದ ಮಯೂರೇಶ್ವರನಿಗೆ ನಡೆದುಕೊಳ್ಳುತ್ತಿದ್ದ ಅವರಿಗೆ ಕರ್ಹಾ ನದಿಯಲ್ಲಿ ಗಣಪತಿಯ ಮೂರ್ತಿ ಸಿಕ್ಕಿತಂತೆ. ಅದನ್ನು ಚಿಂಚವಾಡಕ್ಕೆ ತಂದು ಪೂಜಿಸಿದರು. ಕೊನೆಗೆ ಕೈಯಲ್ಲಿ ಗ್ರಂಥ ಹಿಡಿದು ಪದ್ಮಾಸನ ಹಾಕಿ ನೆಲದಡಿಯ ಗುಹೆಯಲ್ಲಿ ಕುಳಿತರು. ಮೇಲೆ ಕಲ್ಲು ಮುಚ್ಚಿಸಿ, ಎಂದಿಗೂ ತೆರೆಯಬಾರದೆಂದು ಕಟ್ಟಪ್ಪಣೆ ಮಾಡಿದರು ಎಂಬುದು ಪರಂಪರೆಯ ಮಾತು. ಚೌತಿಯಲ್ಲಿ ನಾವೂ ಕೂಗುವ 'ಗಣಪತಿ ಬಪ್ಪಾ ಮೋರಯಾ' ಘೋಷದ ಮೋರಯಾ ಇವರೇ ಎಂದು ಇಲ್ಲಿಯ ಜನ ನಂಬುತ್ತಾರೆ.

ಸಂತರ ಸಮಾಧಿಗಳು ನಾಡಿನಲ್ಲಿ ಬೇಕಾದಷ್ಟಿವೆ. ಚಿಂಚವಾಡವನ್ನು ಬೇರೆಯಾಗಿಸಿದ್ದು ಇನ್ನೊಂದು ನಂಬಿಕೆ. ಗಣಪತಿ ಮೋರಯಾರ ಭಕ್ತಿಗೆ ಒಲಿದು ಏಳು ತಲೆಮಾರು ಅವರ ವಂಶದಲ್ಲೇ ಇರುತ್ತೇನೆಂದು ವರ ಕೊಟ್ಟನಂತೆ. ಅಲ್ಲಿಂದ ಮುಂದೆ ಮನೆಯ ಹಿರಿಯ ಮಗ ದೇವರ ಸೇವಕನಾಗಿ ಉಳಿಯಲಿಲ್ಲ, ಸ್ವತಃ ದೇವರೇ ಆದ. ಮೋರಯಾರ ಮಗ ಚಿಂತಾಮಣಿಯನ್ನು ತುಕಾರಾಮರು 'ದೇವ' ಎಂದು ಕರೆದರೆಂಬ ಕಥೆಯಿದೆ. ಮನೆತನದ ಅಡ್ಡಹೆಸರು ಇಂದಿಗೂ ಅದೇ.

ನಡೆದಾಡುವ ದೇವರು ಮನೆಯಲ್ಲಿದ್ದರೆ ಅರಸರು ಸುಮ್ಮನಿರುತ್ತಾರೆಯೇ? ಮೋರಯಾರ ಮೊಮ್ಮಗ ನಾರಾಯಣ ದೇವರ ಬಗ್ಗೆ ಹೇಳುವ ಕಥೆಯೊಂದಿದೆ. ಪರೀಕ್ಷೆ ಮಾಡಲೆಂದು ಔರಂಗಜೇಬ ತಟ್ಟೆಯಲ್ಲಿ ಗೋಮಾಂಸ ಇಟ್ಟು ಬಟ್ಟೆ ಮುಚ್ಚಿ ಕಳಿಸಿದನಂತೆ. ಬಟ್ಟೆ ತೆಗೆದರೆ ಒಳಗೆ ಮಲ್ಲಿಗೆ ಹೂ! ಬೆರಗಾದ ಬಾದಶಹ ಎಂಟು ಹಳ್ಳಿಗಳನ್ನು ವಂಶಪಾರಂಪರ್ಯವಾಗಿ ಬಿಟ್ಟುಕೊಟ್ಟನಂತೆ. ಪವಾಡವನ್ನು ನಂಬುವುದು ಬಿಡುವುದು ಅವರವರಿಗೆ ಬಿಟ್ಟದ್ದು. ನನಗೆ ಆ ಕಥೆಯ ಕೊನೆಯೇ ಮುಖ್ಯ: ಹೂವು ಅರಳಿದ ಮೇಲೆ ಹಳ್ಳಿ ಬಂತು.

ಇನಾಮು ಹಳ್ಳಿ ಎಂದರೇನು ಎಂದು ತಿಳಿಯದೆ ಈ ಸಂಸ್ಥಾನ ಅರ್ಥವಾಗುವುದಿಲ್ಲ. ಹೊಲ ರೈತನದೇ, ಉಳುಮೆಯೂ ಅವನದೇ. ಸರಕಾರಕ್ಕೆ ಸಲ್ಲಬೇಕಾದ ಕಂದಾಯ ಮಾತ್ರ ಖಜಾನೆಗೆ ಹೋಗದೆ ದೇವಸ್ಥಾನಕ್ಕೆ ಹೋಗುತ್ತಿತ್ತು. ರೈತನ ಪಾಲಿಗೆ ಒಡೆಯ ಬದಲಾದನೇ ಹೊರತು ಹೊರೆ ಇಳಿಯಲಿಲ್ಲ. ದೊರೆ ಬದಲಾದಾಗ ಸನದು ಹೊಸದಾಗಬೇಕಿತ್ತು. ಹೊಸ ದೊರೆಗೂ ಅದರಲ್ಲಿ ಲಾಭವಿತ್ತು. ಜನ ದೇವರೆಂದು ಕೈಮುಗಿಯುವ ಮನೆಗೆ ಹಳೆಯ ದಾನವನ್ನು ಖಾಯಂ ಮಾಡಿಕೊಟ್ಟರೆ, ತಾನೂ ಹಳೆಯ ಅರಸರ ಸಾಲಿನವನೇ ಎಂದು ಸೀಮೆಗೆಲ್ಲ ಸಾರಿದಂತಾಯಿತು.

ಈ ಇತಿಹಾಸದಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದೆನಿಸುವುದು ಶಿವಾಜಿ ಮಹಾರಾಜರ ಒಂದು ತೀರ್ಮಾನ. ಹಿಂದಿನ ಆಳ್ವಿಕೆಯಿಂದ ಬಂದ ರೂಢಿಯೊಂದಿತ್ತು: ದೇವಸ್ಥಾನ ತನಗೆ ಬೇಕಾದ ದವಸ-ಸಾಮಾನುಗಳನ್ನು ಹಳ್ಳಿಗಳಿಂದ ಪೇಟೆಯ ಧಾರಣೆಗಿಂತ ಅಗ್ಗಕ್ಕೆ ಕೊಳ್ಳಬಹುದು. ಮಾರುವವನು ಬೇಡ ಎನ್ನುವಂತಿರಲಿಲ್ಲ. ದೇವರ ಮನೆಯ ಮುಂದೆ ಯಾವ ರೈತ ಚೌಕಾಸಿ ಮಾಡಿಯಾನು? ಮಹಾರಾಜರು ಆ ಹಕ್ಕನ್ನು ತೆಗೆದುಹಾಕಿದರು. ದೇವಸ್ಥಾನಕ್ಕೂ ಕೊರತೆ ಮಾಡಲಿಲ್ಲ, ಸಾಮಾನು ಸರಕಾರದ ಕೋಠಿಯಿಂದ ಹೋಗುವಂತೆ ಏರ್ಪಾಡು ಮಾಡಿದರು. ಪೂಜೆ ನಿಲ್ಲಲಿಲ್ಲ, ಅದರ ಖರ್ಚು ಬಡವನ ಕಣಜದಿಂದ ಖಜಾನೆಗೆ ಬಂತು. ಹಾಗೆಯೇ ದೇವಸ್ಥಾನದ ಕೈ ರೈತನನ್ನು ಬಿಟ್ಟು ಸರಕಾರವನ್ನು ಹಿಡಿಯುವಂತಾಯಿತು. ಭಕ್ತಿ, ನ್ಯಾಯ, ರಾಜಕೀಯ ಮೂರೂ ಒಂದೇ ಹುಕುಮಿನಲ್ಲಿವೆ.

ಧರ್ಮಕ್ಕೂ ದೊರೆತನಕ್ಕೂ ನಡುವಿನ ಇದೇ ಎಳೆದಾಟ ಮಧ್ಯಯುಗದ ಯುರೋಪಿನ ಚರ್ಚಿನ ಚರಿತ್ರೆಯ ತುಂಬ ಇದೆ. ಅಲ್ಲಿ ರೈತ ಬೆಳೆಯ ಹತ್ತರಲ್ಲೊಂದು ಪಾಲನ್ನು ಚರ್ಚಿಗೆ ಅಳೆಯಬೇಕಿತ್ತು. ಬಿಷಪ್ಪರನ್ನು ನೇಮಿಸುವ ಅಧಿಕಾರ ಯಾರದೆಂಬ ಜಗಳದಲ್ಲಿ ಜರ್ಮನಿಯ ದೊರೆ ನಾಲ್ಕನೇ ಹೆನ್ರಿ 1077ರ ಚಳಿಗಾಲದಲ್ಲಿ ಕನೋಸಾ ಕೋಟೆಯ ಬಾಗಿಲಲ್ಲಿ ಮೂರು ದಿನ ಪೋಪ್ ಏಳನೇ ಗ್ರೆಗರಿಯ ಕ್ಷಮೆಗೆ ಕಾದ. ನಮ್ಮ ಬಳ್ಳಿಗಾವೆಯ ಕೋಡಿಯ ಮಠವೂ ದೊಡ್ಡ ಸಂಸ್ಥೆಯೇ. 1162ರ ಶಾಸನ ಅದನ್ನು ವಿದ್ಯೆಯ, ಅನ್ನದಾನದ, ರೋಗಿಗಳಿಗೆ ಔಷಧಿಯ ಸ್ಥಾನವೆಂದು ಹೊಗಳುತ್ತದೆ. ಆದರೆ ಮಠದ ಗುರುವಿಗೆ ಶಿಷ್ಯ ವಾರಸುದಾರ, ಬಿಷಪ್ಪನಿಗೆ ಮದುವೆಯೇ ಇಲ್ಲ. ಆಸ್ತಿ ಸಂಸ್ಥೆಯಲ್ಲೇ ಉಳಿಯುತ್ತದೆ. ಚಿಂಚವಾಡದಲ್ಲಿ ಸಂಸ್ಥೆಯೂ ಸಂಸಾರವೂ ಒಂದೇ. ಅದರ ಬಲವೂ ಅಲ್ಲೇ, ಬಿರುಕೂ ಅಲ್ಲೇ.

ಪೇಶ್ವೆಗಳು ಗಣಪತಿಯ ಭಕ್ತರು, ಅವರ ಪುಣೆ ಕೂಗಳತೆಯಲ್ಲಿತ್ತು. ಅವರ ಕಾಲದಲ್ಲಿ ಮನೆತನದ ವೈಭವ ಏರಿತು. 1800ರಲ್ಲಿ ಚಿಂಚವಾಡಕ್ಕೆ ಬಂದ ಕ್ಯಾಪ್ಟನ್ ಎಡ್ವರ್ಡ್ ಮೂರ್ ಈ 'ಜೀವಂತ ದೇವರ' ಬಗ್ಗೆ 'ಏಷ್ಯಾಟಿಕ್ ರಿಸರ್ಚಸ್' ಸಂಪುಟದಲ್ಲಿ ಬರೆದ. ದೇವರ ಸಣ್ಣಪುಟ್ಟ ನಡೆನುಡಿಗಳನ್ನೂ ಜನ ಶಕುನವೆಂದು ಗಮನಿಸುತ್ತಿದ್ದರು. 1809ರಲ್ಲಿ ಬಂದ ಬ್ರಿಟಿಷ್ ಪ್ರವಾಸಿ ಮರಾಯಾ ಗ್ರಹಾಂ ದೇವರ ಪೀಠದಲ್ಲಿ ಕಂಡದ್ದು ಒಬ್ಬ ಹುಡುಗನನ್ನು.

ಮರುವರ್ಷವೇ, 1810ರಲ್ಲಿ, ಪೀಠದಲ್ಲಿದ್ದ ಧರಣಿಧರ ದೇವರು ಮಕ್ಕಳಿಲ್ಲದೆ ತೀರಿಕೊಂಡರು. ಅವರ ತಂದೆ, ಅದೇ ಹೆಸರಿನ ಇನ್ನೊಬ್ಬ ನಾರಾಯಣ, ಮೂಲಪುರುಷನ ಆಣತಿ ಮೀರಿ ಸಮಾಧಿ ತೆರೆಸಿದ್ದಕ್ಕೆ ಮೋರಯಾ ಕೊಟ್ಟ ಶಾಪವಿದು ಎಂದರು ಜನ. ಏಳು ತಲೆಮಾರಿನ ವರವೂ ಅಲ್ಲಿಗೆ ಮುಗಿದಿತ್ತು. ವರ ಮುಗಿದರೂ ಇನಾಮು ಮುಗಿಯಬಾರದಲ್ಲ! ಉಂಬಳಿ ಕೈತಪ್ಪೀತೆಂದು ಅರ್ಚಕರು ದೂರದ ಸಂಬಂಧಿಯೊಬ್ಬರನ್ನು ಪೀಠಕ್ಕೆ ಕೂರಿಸಿದರು.

ಆಮೇಲಿನದು ಕಾಗದದ ಕಾಳಗ. 1852ರಲ್ಲಿ ಬಂದ ಬ್ರಿಟಿಷರ ಇನಾಂ ಕಮಿಷನ್ ಸನದು ತೋರಿಸಿ ಎಂದಿತು. ಪವಾಡಗಳಿಗೆ ಅಲ್ಲಿ ಬೆಲೆಯಿರಲಿಲ್ಲ, ಮೊಹರಿಗೆ ಇತ್ತು. ದೇವ ಮನೆತನ ಮತ್ತು ಸರಕಾರದ ಈ ದೀರ್ಘ ಸಂಬಂಧವನ್ನು ಇತಿಹಾಸಕಾರ ಲಾರೆನ್ಸ್ ಪ್ರೆಸ್ಟನ್ ದಫ್ತರಗಳನ್ನು ಹುಡುಕಿ 1989ರಲ್ಲಿ ಪುಸ್ತಕವಾಗಿಸಿದರು. ಧರ್ಮ ಮತ್ತು ಅಧಿಕಾರದ ಬಗ್ಗೆ ಆಸಕ್ತಿ ಇರುವವರು ಓದಲೇಬೇಕು.

ಈಗ ಇರುವುದು ಚಿಂಚವಾಡ ದೇವಸ್ಥಾನ ಟ್ರಸ್ಟ್. ಅಷ್ಟವಿನಾಯಕ ಕ್ಷೇತ್ರಗಳಲ್ಲಿ ಮೋರಗಾಂವ, ಥೇವೂರ, ಸಿದ್ಧಟೇಕ ಇದರ ಆಡಳಿತಕ್ಕೆ ಸೇರಿವೆ. ಭಾದ್ರಪದ ಮತ್ತು ಮಾಘದಲ್ಲಿ ಮಂಗಲಮೂರ್ತಿಯ ಪಲ್ಲಕ್ಕಿ ಚಿಂಚವಾಡದಿಂದ ಮೋರಗಾಂವಕ್ಕೆ ಹೊರಡುತ್ತದೆ. ಮಾರ್ಗಶಿರ ಬಹುಳ ಷಷ್ಠಿಗೆ, ಸಾಮಾನ್ಯವಾಗಿ ಡಿಸೆಂಬರಿನಲ್ಲಿ, ಸಮಾಧಿ ಉತ್ಸವ. ಹೋದವರು ಮಂದಿರದ ಮರಾಠಿ ಶಾಸನವನ್ನು ಹುಡುಕಿ ನೋಡಬೇಕು. ಶಕ 1580ರ ಕಾರ್ತಿಕದಲ್ಲಿ ಶುರುವಾದ ಕಟ್ಟಡ ಮುಂದಿನ ಆಷಾಢದಲ್ಲಿ ಮುಗಿಯಿತೆಂದು ಅದರಲ್ಲಿದೆ, ಅಂದರೆ 1658-59. ಶಿವಾಜಿ ಮಹಾರಾಜರು ಅಫ್ಜಲ್ ಖಾನನನ್ನು ಎದುರಿಸಿದ್ದು ಅದೇ 1659ರಲ್ಲಿ. ಸೀಮೆಯ ಒಡೆತನಕ್ಕೆ ಯುದ್ಧ ನಡೆದಿದ್ದಾಗ ದೇವ ಮನೆತನ ಕಲ್ಲು ಹೊರಿಸಿ ಗುಡಿ ಕಟ್ಟಿಸಿತ್ತು.